ಆರೆಯ ವಾಘೋಬಾ ಬಗ್ಗೆ ಡಾಕ್ಯುಮೆಂಟರಿ: ಎಲ್ಲಿಂದ ಶುರು ಮಾಡಲಿ?

ಕಾರ್ಕಳದವ, ಗೋರೆಗಾಂವ್ ಈಸ್ಟ್:
ನಮಸ್ಕಾರ. ಮುಂಬೈಯ ಆರೆ ಕಾಲೊನಿಯ ಒಂದು ವಾರ್ಲಿ ಪಾಡಾದಲ್ಲಿ (ಆದಿವಾಸಿಗಳ ಕೇರಿ) ಅವರ ಹುಲಿ-ಚಿರತೆ ದೇವರು ವಾಘೋಬಾನ ಗುಡಿ ನೋಡಿದೆ. ಗುಡಿ ಅಂದ್ರೆ ಮರದ ಬುಡದಲ್ಲಿ ಸಿಂಧೂರ ಬಳಿದ ಒಂದು ಕಲ್ಲು, ಅಷ್ಟೆ. ಮುಂದೆ ಒಡೆದ ತೆಂಗಿನಕಾಯಿ, ಪಕ್ಕದ ನಲ್ಲಿಯಲ್ಲಿ ಬಟ್ಟೆ ಒಗೆಯುವ ಹೆಂಗಸರು. ನಮ್ಮೂರಿನ ಹುಲಿ ದೈವ ಪಿಲಿಚಾಮುಂಡಿ ನೆನಪಾದಳು. ಈ ವಾರ್ಲಿಗಳ ಮತ್ತು ಚಿರತೆಯ ಬಗ್ಗೆ ಚಿಕ್ಕ ಡಾಕ್ಯುಮೆಂಟರಿ ಮಾಡಬೇಕು ಅಂತಿದ್ದೇನೆ. 70-300 ಲೆನ್ಸ್ ಇದೆ. ರಾತ್ರಿ ಚಿರತೆ ಸಿಗುತ್ತಾ? ಡ್ರೋನ್ ಬೇಕಾ?

ಬೊರಿವಲಿ ಭಟ್ರು:
ಡ್ರೋನ್ ಮರೆತುಬಿಡಿ. ಪಕ್ಕದ ಸಂಜಯ್ ಗಾಂಧಿ ನ್ಯಾಷನಲ್ ಪಾರ್ಕ್ ಒಳಗೆ ಶೂಟಿಂಗಿಗೆ ಅರಣ್ಯ ಇಲಾಖೆಯ ಅನುಮತಿ ಬೇಕೇ ಬೇಕು. ಆರೆಯಲ್ಲೂ 800ಕ್ಕೂ ಹೆಚ್ಚು ಎಕರೆಯನ್ನು ಮೀಸಲು ಅರಣ್ಯ ಮಾಡುವುದಾಗಿ 2020ರಲ್ಲಿ ಸರ್ಕಾರ ಹೇಳಿತ್ತು. ಹಾಗಾಗಿ ಕೇಳಿಯೇ ಕಾಲಿಡಿ.

ಮೈಕ್ ಹಿಡಿಯೋನು, ಅಂಧೇರಿ:
ಡಾಕ್ಯುಮೆಂಟರಿಗಳಿಗೆ ಸೌಂಡ್ ಮಾಡೋದೇ ನನ್ನ ಹೊಟ್ಟೆಪಾಡು, ಅದಕ್ಕೆ ಸ್ವಲ್ಪ ಉದ್ದ ಬರೀತೇನೆ.

2018ರ ಕ್ಯಾಮೆರಾ ಟ್ರ್ಯಾಪ್ ಗಣತಿಯಲ್ಲಿ ಸಂಜಯ್ ಗಾಂಧಿ ಪಾರ್ಕ್ ಮತ್ತು ಸುತ್ತಮುತ್ತ 47 ಚಿರತೆ ಸಿಕ್ಕಿದ್ದವು. ಆದ್ರೂ ನಿಮ್ಮ ಲೆನ್ಸಿಗೆ ಒಂದೂ ಬೀಳಲ್ಲ, ರಾತ್ರಿಯ ಬೆಳಕಿಗೆ ಅದು ಸಾಲಲ್ಲ. (ಫಿಲ್ಮ್ ಸಿಟಿಯ ಸೀರಿಯಲ್ ಸೆಟ್ಟಿಗೇ ಚಿರತೆ ನುಗ್ಗಿದ್ದುಂಟು. ಅಲ್ಲಾದ್ರೆ ಲೈಟಿಂಗ್ ಇತ್ತು!) ಟಾರ್ಚ್ ಬಿಡೋದು, ಕೋಳಿ ಕಟ್ಟಿ ಕಾಯೋದು ಮಾತ್ರ ಬೇಡವೇ ಬೇಡ.

ಚಿರತೆ ಕಾಣದಿದ್ರೆ ಏನಂತೆ, ಕೇಳಿಸುತ್ತಲ್ಲ. ಸಂಜೆ ಮೈಕ್ ಇಟ್ಟು ಸುಮ್ನೆ ಕೂತ್ಕೊಳ್ಳಿ. ಒಂದು ಕಡೆ ಲಿಂಕ್ ರೋಡಿನ ಹಾರ್ನ್, ಇನ್ನೊಂದು ಕಡೆ ಜೀರುಂಡೆ. ಪಾಡಾದ ನಾಯಿಗಳೆಲ್ಲ ಒಟ್ಟಿಗೆ ಬೊಗಳುತ್ತವೆ, ಆಮೇಲೆ ಯಾರೋ ಸ್ವಿಚ್ ಆರಿಸಿದ ಹಾಗೆ ನಿಲ್ಲುತ್ತವೆ. ಆಗ ಒಳಗಿರೋ ಅಜ್ಜಿ ಮೊಮ್ಮಗನ ತೋಳು ಹಿಡಿದು ಹೊಸ್ತಿಲ ಒಳಗೆ ಎಳ್ಕೊಳ್ತಾಳೆ. ನಿಮ್ಮ ಸಿನಿಮಾ ಅಲ್ಲೇ ಇದೆ. ಹಾರ್ನ್ ಶಬ್ದ ಎಡಿಟಿಂಗಲ್ಲಿ ತೆಗೀಬೇಡಿ, ಮುಂಬೈ ಅಂತ ಗೊತ್ತಾಗೋದೇ ಅದರಿಂದ.

ಹೊಸ ಟವರ್‌ಗಳ ಹಿಂದಿನ ಕಸದ ರಾಶಿನೂ ಶೂಟ್ ಮಾಡಿ. ಕಸಕ್ಕೆ ನಾಯಿ, ನಾಯಿಗೆ ಚಿರತೆ. ಇದನ್ನು ಬಿಟ್ಟು ಬರೀ ಪೂಜೆ ತೋರಿಸಿದ್ರೆ ಟೂರಿಸಂ ಜಾಹೀರಾತು ಆಗುತ್ತೆ.

ದೀಪಾವಳಿ ಹೊತ್ತಿಗೆ ವಾಘೋಬಾನ ಹಬ್ಬ ವಾಘ್‌ಬಾರಸ್ ಬರುತ್ತೆ. ತಾರ್ಪಾ ಕುಣಿತ ಸಿಕ್ಕಿದ್ರೆ ಮೈಕ್ ಊದುವವನ ಹತ್ರವೇ ಇರಲಿ. ಒಣಗಿದ ಸೋರೆ ಬುರುಡೆ, ಬಿದಿರಿನ ವಾದ್ಯ ಅದು. ಕುಣಿಯೋರು ಅವನ ಸುತ್ತಲೇ ತಿರುಗ್ತಾರೆ.

ಮುಲುಂಡ್ ಅಕ್ಕ:
ಒಂದು ಮಾತು. 2022ರ ದೀಪಾವಳಿ ದಿನವೇ ಆರೆಯಲ್ಲಿ ಚಿರತೆ ಪುಟ್ಟ ಮಗುವನ್ನು ಕೊಂದಿತು. ಕೈ ಮುಗಿಯುತ್ತಾರೆ ಅಂದ ಮಾತ್ರಕ್ಕೆ ಹೆದರಿಕೆ, ಸಿಟ್ಟು ಇಲ್ಲ ಅಂತಲ್ಲ. ಅದನ್ನೂ ಕೇಳಿ. ಆದ್ರೆ ಆ ಮನೆ ಬಾಗಿಲಿಗೆ ಕ್ಯಾಮೆರಾ ಹಿಡ್ಕೊಂಡು ಹೋಗಬೇಡಿ.

ಕಾರ್ಕಳದವ:
ಖಂಡಿತ ಹೋಗಲ್ಲ ಅಕ್ಕ. ಮೊದಲು ಬರಿಗೈಯಲ್ಲಿ ಹೋಗಿ ಮಾತಾಡ್ತೇನೆ. ನನ್ನ ಮರಾಠಿ ಅಷ್ಟಕ್ಕಷ್ಟೆ. ವಾರ್ಲಿ ಮಾತು ಬಲ್ಲ ಕನ್ನಡದವರು ಯಾರಾದ್ರೂ ಇದ್ರೆ ತಿಳಿಸಿ. ಅಂಧೇರಿಯವರೇ, ಒಂದು ಮೈಕ್ ಬಾಡಿಗೆಗೆ ಸಿಗಬಹುದಾ?