ಕತ್ತಿ ತಾಗಿದ ಗಾಯದ ಕೇಸು: ಇಬ್ಬರೂ ಒಪ್ಪಿದರೂ ರಾಜಿಯಾಗುವುದಿಲ್ಲವೇ?

ಬದಿಯಡ್ಕದ ಅಳಿಯ:
ನಮ್ಮ ಮಾವನಿಗೂ ನೆರೆಮನೆಯ ಯುವಕನಿಗೂ ಕಳೆದ ಜನವರಿಯಲ್ಲಿ ತೋಡಿನ ಕಟ್ಟದ ನೀರಿನ ವಿಷಯದಲ್ಲಿ ಮಾತಿಗೆ ಮಾತು ಬೆಳೆದು, ಆತನ ಕೈಯಲ್ಲಿದ್ದ ಕತ್ತಿ ತಾಗಿ ಮಾವನ ಮೊಣಕೈ ಕೆಳಗೆ ಐದು ಹೊಲಿಗೆ ಬಿದ್ದವು. ಪೊಲೀಸರು ಭಾರತೀಯ ನ್ಯಾಯ ಸಂಹಿತೆಯ 126(2), 115(2) ಮತ್ತು 118(1) ಕಲಂಗಳಡಿ ಆರೋಪಪಟ್ಟಿ ಸಲ್ಲಿಸಿದ್ದಾರೆ. ಸಾಕ್ಷಿ ವಿಚಾರಣೆ ಇನ್ನೂ ಆರಂಭವಾಗಿಲ್ಲ. ಈ ನಡುವೆ ಆತ ಆಸ್ಪತ್ರೆಯ ಖರ್ಚು ಕೊಟ್ಟು, ಮನೆಗೇ ಬಂದು ತಪ್ಪೊಪ್ಪಿಕೊಂಡಿದ್ದಾನೆ. ಆತನಿಗೆ ಗಲ್ಫಿಗೆ ಹೋಗಲಿಕ್ಕಿದೆ, ಕೇಸು ಇರುವುದರಿಂದ ಪಾಸ್‌ಪೋರ್ಟ್ ನವೀಕರಣಕ್ಕೆ ತೊಡಕಾಗಿದೆ. ಮಾವ ಠಾಣೆಗೆ ಹೋಗಿ ದೂರು ಹಿಂದೆಗೆಯುತ್ತೇನೆಂದರೆ, ಅದು ತಮ್ಮ ಕೈಯಲ್ಲಿಲ್ಲ ಎಂಬ ಉತ್ತರ ಸಿಕ್ಕಿತು. ಪೆಟ್ಟು ತಿಂದವರೇ ಬೇಡವೆಂದ ಮೇಲೆ ಕೇಸು ನಡೆಸುವವರು ಯಾರು?

ಕುಂಬಳೆ ನಿವಾಸಿ:
ಇಷ್ಟಕ್ಕೆಲ್ಲ ಓಡಾಡಬೇಕೇ? ವಿಚಾರಣೆಯ ದಿನ ನಿಮ್ಮ ಮಾವ 'ಯಾರು ಹೊಡೆದರೆಂದು ನೋಡಿಲ್ಲ' ಎಂದು ಹೇಳಿದರೆ ಕೇಸು ತಾನಾಗಿ ಬಿದ್ದುಹೋಗುತ್ತದೆ. ನಮ್ಮ ಕಡೆ ಎಲ್ಲರೂ ಮಾಡುವುದು ಅದನ್ನೇ.

ಹೊಸದುರ್ಗದ ವಕೀಲ:
ಎಲ್ಲರೂ ಮಾಡುತ್ತಾರೆಂಬುದು ನಿಜವಿರಬಹುದು, ಆದರೆ ಪ್ರಮಾಣ ಮಾಡಿ ಸುಳ್ಳು ಹೇಳುವುದಕ್ಕೆ 7 ವರ್ಷದವರೆಗಿನ ಶಿಕ್ಷೆ ಇದೆ, ಮತ್ತು ಆ ಅಪಾಯ ಬರುವುದು ಪೆಟ್ಟು ತಿಂದ ಮುದುಕರ ಮೇಲೆ, ಹೊಡೆದವನ ಮೇಲಲ್ಲ. ದಯವಿಟ್ಟು ಆ ದಾರಿ ಹಿಡಿಯಬೇಡಿ.

ದೂರು ಕೊಟ್ಟವರು ನಿಮ್ಮ ಮಾವನಾದರೂ ಕೇಸು ನಡೆಸುವುದು ಸರ್ಕಾರ. ಯಾವ ಅಪರಾಧದಲ್ಲಿ ರಾಜಿಗೆ ಅವಕಾಶ ಉಂಟು ಎಂಬ ಪಟ್ಟಿ ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ 320ರಲ್ಲಿತ್ತು, 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 359ರಲ್ಲಿದೆ. ದಾರಿ ತಡೆದದ್ದಕ್ಕೆ ಹಾಕಿದ 126(2) ಮತ್ತು ಸಾಮಾನ್ಯ ಗಾಯದ 115(2), ಇವೆರಡನ್ನೂ ಮಾವನೇ ಮ್ಯಾಜಿಸ್ಟ್ರೇಟರ ಮುಂದೆ ರಾಜಿ ಮಾಡಿಕೊಳ್ಳಬಹುದು. ಅದರ ಫಲ ಖುಲಾಸೆಯೇ. ತೊಂದರೆ ಇರುವುದು ಅಪಾಯಕಾರಿ ಆಯುಧದಿಂದ ಗಾಯಗೊಳಿಸಿದ್ದಕ್ಕೆ ಹಾಕುವ 118(1)ರಲ್ಲಿ. ಇದೇ ಅಪರಾಧಕ್ಕಿದ್ದ ಹಳೆಯ ಭಾರತೀಯ ದಂಡ ಸಂಹಿತೆಯ 324ನೇ ಕಲಂ ಒಂದು ಕಾಲದಲ್ಲಿ ಕೋರ್ಟಿನ ಅನುಮತಿಯಿಂದ ರಾಜಿಯಾಗುತ್ತಿತ್ತು, 2005ರ ತಿದ್ದುಪಡಿ ಕಾಯ್ದೆ ಅದನ್ನು ಪಟ್ಟಿಯಿಂದ ಕೈಬಿಟ್ಟಿತು. ಎಲುಬು ಮುರಿದ 117(2)ರ ಕೇಸಿಗೆ ಅನುಮತಿ ಪಡೆದು ರಾಜಿಯಾಗಬಹುದು, ಕತ್ತಿ ಗೀರಿದರೆ ಆಗದು ಎಂಬುದು ನನಗಂತೂ ಇಂದಿಗೂ ವಿಚಿತ್ರವೆನಿಸುತ್ತದೆ. ಲೋಕ ಅದಾಲತ್ತಿಗೆ ಹೋದರೂ ಇದೇ ತಡೆ.

ಉಳಿದಿರುವುದು ಕೊಚ್ಚಿಯಲ್ಲಿರುವ ಕೇರಳ ಹೈಕೋರ್ಟು. ನಾಗರಿಕ ಸುರಕ್ಷಾ ಸಂಹಿತೆಯ 528ನೇ ಕಲಮಿನಡಿ ಆರೋಪಿಯೇ ಅಲ್ಲಿ ಅರ್ಜಿ ಹಾಕಿ, ಪ್ರಕರಣವನ್ನು ರದ್ದುಪಡಿಸುವಂತೆ ಕೇಳಬೇಕು. ಮಾವ ಪ್ರತಿವಾದಿಯಾಗಿ, ತನಗೆ ಇನ್ನು ದೂರಿಲ್ಲವೆಂಬ ಅಫಿಡವಿಟ್ ಕೊಡಬೇಕು. ರಾಜಿಪಟ್ಟಿಯಲ್ಲಿಲ್ಲದ ಅಪರಾಧದಲ್ಲೂ ಹೈಕೋರ್ಟಿಗೆ ಈ ಅಧಿಕಾರವಿದೆಯೆಂದು ಸುಪ್ರೀಂ ಕೋರ್ಟು 2012ರ ಜ್ಞಾನ್ ಸಿಂಗ್ ತೀರ್ಪಿನಲ್ಲಿ ಹೇಳಿದೆ. ಗಾಯ ದೇಹದ ಯಾವ ಭಾಗಕ್ಕೆ, ಆಯುಧ ಎಂಥದು, ಕೇಸು ಯಾವ ಹಂತದಲ್ಲಿದೆ ಎಂಬುದನ್ನು ನೋಡಬೇಕೆಂದು 2014ರ ನರಿಂದರ್ ಸಿಂಗ್ ತೀರ್ಪು ವಿವರಿಸಿತು. ಮುಂಗೈ ಗಾಯ, ಸಾಕ್ಷಿ ವಿಚಾರಣೆಗೆ ಮೊದಲೇ ಬಂದ ಅರ್ಜಿ, ಇವೆರಡೂ ನಿಮಗೆ ಅನುಕೂಲವೇ. ಆದರೆ ಅದು ಹಕ್ಕಲ್ಲ, ನ್ಯಾಯಾಲಯದ ವಿವೇಚನೆ. ಅಲ್ಲಿಯವರೆಗೆ ಪಾಸ್‌ಪೋರ್ಟಿಗಾಗಿ ಆತ ಮ್ಯಾಜಿಸ್ಟ್ರೇಟ್ ಕೋರ್ಟಿನ ಅನುಮತಿ ಕೇಳಲಿ.

ಇನ್ನೊಂದು ಮಾತು: ಅಫಿಡವಿಟ್ ಮಲಯಾಳದಲ್ಲೋ ಇಂಗ್ಲಿಷಿನಲ್ಲೋ ಇದ್ದರೆ, ಕನ್ನಡದಲ್ಲಿ ಓದಿ ಹೇಳಿಸಿಕೊಳ್ಳದೆ ಮಾವ ಸಹಿ ಹಾಕಬಾರದು. ಜಗಳ ಮುಗಿದಿದೆ ಎಂದಿರಬೇಕೇ ಹೊರತು ಜಗಳ ನಡೆದೇ ಇಲ್ಲ ಎಂದಿರಬಾರದು.

ಬದಿಯಡ್ಕದ ಅಳಿಯ:
ವಕೀಲರಿಗೆ ಕೃತಜ್ಞತೆಗಳು. ಆರೋಪಿಯ ಕಡೆಯವರು ಸಿದ್ಧಪಡಿಸಿದ್ದ ಅಫಿಡವಿಟ್ಟಿನ ಕರಡನ್ನು ನಿನ್ನೆ ರಾತ್ರಿ ಮಾವನಿಗೆ ಸಾಲುಸಾಲಾಗಿ ಕನ್ನಡದಲ್ಲಿ ಓದಿ ಹೇಳಿದೆ. ಮೂರನೆಯ ಪ್ಯಾರಾದಲ್ಲಿ, ಮಾವ ಜಾರಿ ಬಿದ್ದು ಗಾಯವಾಯಿತೆಂದು ಬರೆದಿದ್ದರು. ಮಾವ ಕೈಯ ಹೊಲಿಗೆಯ ಗುರುತನ್ನು ಸವರುತ್ತಾ, 'ಬಿದ್ದದ್ದು ನಾನಲ್ಲ, ಕತ್ತಿ' ಎಂದರು. ಆ ಪ್ಯಾರಾ ತೆಗೆಸಲು ಹೇಳಿಕಳಿಸಿದ್ದೇವೆ.