ಕಣ್ಣಿನ ಬ್ಯಾಟರಿಯನ್ನು ಅಳೆಯುವುದು ಹೇಗೆ? ಇಒಜಿ, ಇಆರ್‌ಜಿ ಪರೀಕ್ಷೆಗಳ ಬಗ್ಗೆ ಪ್ರಶ್ನೋತ್ತರ

(ಉತ್ತರ ಕೊಡುತ್ತಿರುವವರು ಕಣ್ಣಿನ ವಿದ್ಯುತ್ ಪರೀಕ್ಷೆಗಳ ವಿಭಾಗದಲ್ಲಿ ಕೆಲಸ ಮಾಡುವ ತಜ್ಞೆ.)

ಪ್ರಶ್ನೆ: ಮೇಡಂ, ನನ್ನ ತಂಗಿಗೆ 34 ವರ್ಷ. ಓದುವಾಗ ನಡುವಿನ ಅಕ್ಷರಗಳು ಮಸುಕಾಗುತ್ತವೆ ಎಂದು ವೈದ್ಯರ ಬಳಿ ಹೋದಳು. ಎರಡೂ ಕಣ್ಣುಗಳ ರೆಟಿನಾದ ನಡುಭಾಗದಲ್ಲಿ ಮೊಟ್ಟೆಯ ಹಳದಿಯಂತಹ ದುಂಡನೆಯ ಮಚ್ಚೆ ಇದೆ ಎಂದರು. ಅವಳಿಗೆ ಇಒಜಿ, ಇಆರ್‌ಜಿ ಎಂಬ ಎರಡು ಪರೀಕ್ಷೆಗಳನ್ನು ಬರೆದುಕೊಟ್ಟು, ಒಡಹುಟ್ಟಿದ ನಾನೂ ಮಾಡಿಸಿಕೊಂಡರೆ ಒಳ್ಳೆಯದು ಎಂದಿದ್ದಾರೆ. ನನ್ನ ದೃಷ್ಟಿ ಚೆನ್ನಾಗಿಯೇ ಇದೆ. ಕಣ್ಣಿಗೆ ಕರೆಂಟ್ ಕೊಡುತ್ತಾರೆಯೇ? ತಂಗಿ ಬಹಳ ಹೆದರಿದ್ದಾಳೆ.

ಉತ್ತರ: ಮೊದಲು ತಂಗಿಗೆ ಇದನ್ನು ಹೇಳಿ: ಈ ಎರಡೂ ಪರೀಕ್ಷೆಗಳಲ್ಲಿ ಕಣ್ಣಿಗೆ ಕರೆಂಟ್ ಕೊಡುವುದಿಲ್ಲ. ಕಣ್ಣು ತಾನಾಗಿ ಹುಟ್ಟಿಸುವ ವಿದ್ಯುತ್ತನ್ನು ಹೊರಗಿನಿಂದ ಆಲಿಸುತ್ತೇವೆ, ಅಷ್ಟೇ. ಹೃದಯಕ್ಕೆ ಇಸಿಜಿ ತೆಗೆಯುತ್ತಾರಲ್ಲ, ಹಾಗೆಯೇ.

ನಮ್ಮ ಕಣ್ಣುಗುಡ್ಡೆ ಒಂದು ಪುಟ್ಟ ಬ್ಯಾಟರಿ. ಮುಂದಿನ ಕಾರ್ನಿಯಾ ಧನ ತುದಿ, ಹಿಂಭಾಗ ಋಣ ತುದಿ. ಕಣ್ಣು ಮುಚ್ಚಿರಲಿ, ತೆರೆದಿರಲಿ, ನಿದ್ದೆಯಲ್ಲಿರಲಿ, ಕೆಲವು ಮಿಲಿವೋಲ್ಟ್‌ಗಳ ಈ ವ್ಯತ್ಯಾಸ ಇದ್ದೇ ಇರುತ್ತದೆ. ಮೀನಿನ ಕಣ್ಣಿನಲ್ಲಿ ಇದನ್ನು ಮೊದಲು ಕಂಡವರು ಜರ್ಮನಿಯ ಎಮಿಲ್ ಡು ಬೋಯ್-ರೇಮಂಡ್, 1849ರಲ್ಲಿ. ರೆಟಿನಾದ ಬೆನ್ನಿಗೆ ಅಂಟಿಕೊಂಡಂತೆ ಕಪ್ಪು ಬಣ್ಣದ ಕೋಶಗಳ ಒಂದೇ ಒಂದು ಪದರವಿದೆ. ವರ್ಣಪದರ ಎಂದು ಕರೆಯೋಣ. ಬೆಳಕು ಹಿಡಿಯುವ ಕೋಶಗಳಿಗೆ ಪೋಷಣೆ ಕೊಡುವುದು, ಅವುಗಳ ಸವೆದ ತುದಿಗಳನ್ನು ನುಂಗಿ ಶುಚಿಮಾಡುವುದು ಇದರ ಕೆಲಸ. ಬ್ಯಾಟರಿಯ ಬಹುಪಾಲು ಶಕ್ತಿ ಹುಟ್ಟುವುದು ಇಲ್ಲಿಯೇ.

ಈ ಬ್ಯಾಟರಿಯನ್ನು ನೇರವಾಗಿ ಮುಟ್ಟಿ ಅಳೆಯಲಾಗದು. ಅದಕ್ಕೆ ಒಂದು ಉಪಾಯವಿದೆ, ಅದೇ ಇಒಜಿ (ಇಲೆಕ್ಟ್ರೋ-ಆಕ್ಯುಲೋಗ್ರಾಮ್). ಬೆಳಕಿನ ಮಿಂಚಿಗೆ ರೆಟಿನಾ ಕೊಡುವ ಉತ್ತರವನ್ನು ಅಳೆಯುವ ಇಆರ್‌ಜಿ (ಇಲೆಕ್ಟ್ರೋ-ರೆಟಿನೋಗ್ರಾಮ್) ಬಗ್ಗೆ ಮುಂದೆ ಹೇಳುತ್ತೇನೆ. ಪ್ರತಿ ಕಣ್ಣಿನ ಒಳಮೂಲೆಯ ಬಳಿ ಒಂದು, ಹೊರಮೂಲೆಯ ಬಳಿ ಒಂದು ಇಲೆಕ್ಟ್ರೋಡನ್ನು ಚರ್ಮಕ್ಕೆ ಅಂಟಿಸುತ್ತೇವೆ. ಕಣ್ಣು ಬಲಕ್ಕೆ ತಿರುಗಿದರೆ ಕಾರ್ನಿಯಾ ಬಲಗಡೆಯ ಇಲೆಕ್ಟ್ರೋಡಿಗೆ ಹತ್ತಿರವಾಗುತ್ತದೆ, ಆ ಕಡೆ ಧನವಾಗುತ್ತದೆ. ಎಡಕ್ಕೆ ತಿರುಗಿದರೆ ಅದರ ತಿರುವುಮುರುವು. ಪರದೆಯ ಮೇಲೆ ಗೆರೆ ಮೆಟ್ಟಿಲಿನಂತೆ ಏರಿ ಇಳಿಯುತ್ತದೆ.

ಆ ಮೆಟ್ಟಿಲಿನ ಎತ್ತರಕ್ಕೆ ಎರಡು ಅರ್ಥಗಳಿವೆ. ಬ್ಯಾಟರಿ ಬದಲಾಗಿಲ್ಲ ಎಂದು ಹಿಡಿದರೆ, ಕಣ್ಣು ಎಷ್ಟು ತಿರುಗಿತು ಎಂದು ಗೊತ್ತಾಗುತ್ತದೆ. ಕಣ್ಣು ಪ್ರತಿ ಸಲವೂ ಅಷ್ಟೇ ತಿರುಗಿತು ಎಂದು ಹಿಡಿದರೆ, ಬ್ಯಾಟರಿ ಎಷ್ಟಿದೆ ಎಂದು ಗೊತ್ತಾಗುತ್ತದೆ. ನಿಮ್ಮ ತಂಗಿಗೆ ಬರೆದಿರುವುದು ಎರಡನೆಯದಕ್ಕೆ. ಈ ವ್ಯತ್ಯಾಸವನ್ನು ನೆನಪಿನಲ್ಲಿಡಿ, ಮುಂದೆ ಮತ್ತೆ ಬೇಕಾಗುತ್ತದೆ.

ಪರೀಕ್ಷೆಗೆ ಮುನ್ನ ಔಷಧದ ಹನಿ ಹಾಕಿ ಪಾಪೆ ಹಿಗ್ಗಿಸುತ್ತಾರೆ. ಎದುರಿಗೆ 30 ಡಿಗ್ರಿ ಅಂತರದಲ್ಲಿ ಎರಡು ಪುಟ್ಟ ದೀಪಗಳು ಸರದಿಯಂತೆ ಬೆಳಗುತ್ತವೆ. ತಲೆ ಅಲುಗಿಸದೆ ಕಣ್ಣನ್ನು ಮಾತ್ರ ಅತ್ತಿತ್ತ ಹೊರಳಿಸಬೇಕು. ನಿಮಿಷಕ್ಕೊಮ್ಮೆ ಸುಮಾರು 10 ಸೆಕೆಂಡು ಈ ಕೆಲಸ, ಉಳಿದ ಹೊತ್ತು ವಿಶ್ರಾಂತಿ. 15 ನಿಮಿಷ ಕತ್ತಲೆಯಲ್ಲಿ, ಬಳಿಕ 15 ನಿಮಿಷ ಬೆಳಕಿನಲ್ಲಿ. ಕತ್ತಲೆಯಲ್ಲಿ ಬ್ಯಾಟರಿ ನಿಧಾನವಾಗಿ ಕುಗ್ಗಿ ತಳ ಮುಟ್ಟುತ್ತದೆ. ಬೆಳಕು ಬಂದ ಮೇಲೆ ತಿರುಗಿ ಏರುತ್ತಾ ಸಾಮಾನ್ಯವಾಗಿ 7ರಿಂದ 12 ನಿಮಿಷಗಳೊಳಗೆ ಶಿಖರ ತಲುಪುತ್ತದೆ. ಶಿಖರವನ್ನು ತಳದಿಂದ ಭಾಗಿಸಿದರೆ ಸಿಗುವ ಅನುಪಾತವೇ ಫಲಿತಾಂಶ. 1962ರಲ್ಲಿ ಈ ಕ್ರಮವನ್ನು ಪ್ರಕಟಿಸಿದ ಜೆಫ್ರಿ ಆರ್ಡನ್ ಅವರ ಹೆಸರಿನಲ್ಲಿ ಅದನ್ನು ಆರ್ಡನ್ ಅನುಪಾತ ಎನ್ನುತ್ತಾರೆ.

ನೋವಿಲ್ಲ. ಬೇಸರ ಮಾತ್ರ ಇದೆ. ಮುಖಕ್ಕೆ ಕ್ರೀಮ್, ಕಣ್ಣಿಗೆ ಕಾಡಿಗೆ ಹಚ್ಚಿಕೊಂಡು ಹೋಗಬೇಡಿ. ಪರೀಕ್ಷೆಗೆ ಮೊದಲಿನ ಅರ್ಧ ಗಂಟೆ ಕಡು ಬೆಳಕಿನಲ್ಲಿ ಇರಬೇಡಿ, ರೆಟಿನಾದ ಫೋಟೊ ತೆಗೆಸುವುದಿದ್ದರೆ ಪರೀಕ್ಷೆ ಮುಗಿದ ಮೇಲೆ ತೆಗೆಸಿ. ಪಾಪೆ ಹಿಗ್ಗಿರುವುದರಿಂದ ಕೆಲವು ಗಂಟೆ ಹತ್ತಿರದ್ದು ಮಸುಕಾಗಿರುತ್ತದೆ, ವಾಹನ ಓಡಿಸಬೇಡಿ.

ಪ್ರಶ್ನೆ: ಮೇಡಂ, ನಾನು ಎಂಜಿನಿಯರಿಂಗ್ ವಿದ್ಯಾರ್ಥಿ. ಕೈಕಾಲು ಆಡದವರು ಕಣ್ಣು ತಿರುಗಿಸಿ ಗಾಲಿಕುರ್ಚಿ ನಡೆಸುವಂತಹ ಸಾಧನವೊಂದನ್ನು ಇದೇ ಸಂಕೇತದಿಂದ ಮಾಡುತ್ತಿದ್ದೇನೆ. ಬೆಳಿಗ್ಗೆ ಹೊಂದಿಸಿದ ಲೆಕ್ಕ ಮಧ್ಯಾಹ್ನಕ್ಕೆ ತಪ್ಪುತ್ತದೆ. ಗೆರೆ ತಾನಾಗಿ ಜಾರುತ್ತಲೇ ಇರುತ್ತದೆ. ಆಂಪ್ಲಿಫೈಯರ್ ಬದಲಾಯಿಸಿಯೂ ನೋಡಿದೆ.

ಉತ್ತರ: ಒಳ್ಳೆಯ ಕೆಲಸಕ್ಕೆ ಕೈ ಹಾಕಿದ್ದೀರಿ. ಮೋಟಾರ್ ನ್ಯೂರಾನ್ ಕಾಯಿಲೆಯಲ್ಲಿ ಮಾತು, ಕೈ, ಕಾಲು ಎಲ್ಲ ಹೋದ ಮೇಲೂ ಕಣ್ಣಿನ ಚಲನೆ ಸಾಮಾನ್ಯವಾಗಿ ಬಹುಕಾಲ ಉಳಿಯುತ್ತದೆ.

ನಿಮ್ಮಲ್ಲಿ ಎರಡು ತೊಂದರೆಗಳು ಬೆರೆತಿವೆ. ಗೆರೆ ಜಾರುವುದು ಚರ್ಮ ಮತ್ತು ಇಲೆಕ್ಟ್ರೋಡಿನ ನಡುವಿನ ರಾಸಾಯನಿಕ ಹೊಯ್ದಾಟದಿಂದ. ಬೆಳ್ಳಿ–ಬೆಳ್ಳಿ ಕ್ಲೋರೈಡ್ ಇಲೆಕ್ಟ್ರೋಡ್ ಬಳಸಿ, ಚರ್ಮವನ್ನು ಚೆನ್ನಾಗಿ ಒರೆಸಿ, ಅಂಟಿಸಿದ ಮೇಲೆ ಸ್ವಲ್ಪ ಹೊತ್ತು ಕಾದು ಆರಂಭಿಸಿ. ಲೆಕ್ಕ ತಪ್ಪುವುದು ಬೇರೆಯೇ ಕಾರಣದಿಂದ, ಅದು ನಿಮ್ಮ ಯಂತ್ರದ ದೋಷವೂ ಅಲ್ಲ. ಮೇಲಿನ ಉತ್ತರ ಓದಿ: ಬೆಳಕು ಬದಲಾದರೆ ಬ್ಯಾಟರಿಯೇ ಬದಲಾಗುತ್ತದೆ, ಕೆಲವೊಮ್ಮೆ ಸುಮಾರು ಎರಡು ಪಟ್ಟು. ಬಿಸಿಲಿನಿಂದ ಒಳಗೆ ಬಂದು ಕುಳಿತವನ ಕಣ್ಣು ಮುಂದಿನ ಅರ್ಧ ಗಂಟೆ ಒಂದೇ ಅಳತೆಯನ್ನು ಕೊಡುವುದಿಲ್ಲ. ನಾನು ಕಾಯಿಲೆ ಹುಡುಕುವುದು ಯಾವ ಬದಲಾವಣೆಯಲ್ಲೋ ಅದೇ ನಿಮಗೆ ಅಡ್ಡಿ.

ಚರ್ಮದ ಮೇಲೆ ಸಿಗುವುದು ಡಿಗ್ರಿಗೆ ಸುಮಾರು 10ರಿಂದ 20 ಮೈಕ್ರೋವೋಲ್ಟ್. ನಡುವಿನಿಂದ ಎರಡೂ ಕಡೆಗೆ 30 ಡಿಗ್ರಿಯವರೆಗೆ ಲೆಕ್ಕ ಹೆಚ್ಚುಕಡಿಮೆ ನೇರವಾಗಿರುತ್ತದೆ, ಅದರಾಚೆ ನಂಬಬೇಡಿ. ಆದ್ದರಿಂದ ಕಣ್ಣು ಈಗ ಎಲ್ಲಿದೆ ಎಂದು ಕೇಳಬೇಡಿ. ಈಗ ಎತ್ತ ಜಿಗಿಯಿತು ಎಂದು ಮಾತ್ರ ಕೇಳಿ. ಜಿಗಿತದ ಅಂಚು ಚೂಪಾಗಿರುತ್ತದೆ, ಜಾರುವಿಕೆ ನಿಧಾನವಾಗಿರುತ್ತದೆ, ಎರಡನ್ನೂ ಬೇರ್ಪಡಿಸುವುದು ಸುಲಭ. ಆಗಾಗ ಹೊಸದಾಗಿ ಅಳತೆ ಹೊಂದಿಸುವ ವ್ಯವಸ್ಥೆ ಇಡಿ. ಮೇಲೆ–ಕೆಳಗಿನ ಚಲನೆಯಲ್ಲಿ ರೆಪ್ಪೆ ಮಿಟುಕಿಸುವಿಕೆ ದೊಡ್ಡ ಉಬ್ಬಾಗಿ ನುಗ್ಗುತ್ತದೆ. ಬೇಕೆಂದೇ ಎರಡು ಸಲ ಮಿಟುಕಿಸುವುದನ್ನು ‘ನಿಲ್ಲು’ ಎಂಬ ಆಜ್ಞೆಯಾಗಿ ಬಳಸಿಕೊಳ್ಳಬಹುದು.

ಅದೇ ವಿದ್ಯಾರ್ಥಿ: ಕ್ಯಾಮೆರಾ ಇಷ್ಟು ನಿಖರವಾಗಿರುವಾಗ ಇದು ಇನ್ನೂ ಏಕೆ ಉಳಿದಿದೆ?

ಉತ್ತರ: ಮುಚ್ಚಿದ ರೆಪ್ಪೆಯ ಹಿಂದಿನ ಕಣ್ಣನ್ನು ಕ್ಯಾಮೆರಾ ನೋಡಲಾರದು. ನಿದ್ದೆಯ ಪರೀಕ್ಷೆಯಲ್ಲಿ ಇಂದಿಗೂ ಕಣ್ಣಿನ ಬಳಿ ಇಲೆಕ್ಟ್ರೋಡ್ ಇಡುವುದು ಅದಕ್ಕಾಗಿಯೇ. 1953ರಲ್ಲಿ ಯೂಜೀನ್ ಅಸೆರಿನ್‌ಸ್ಕಿ ಮತ್ತು ನಥಾನಿಯಲ್ ಕ್ಲೈಟ್‌ಮನ್, ಮಲಗಿದವರ ಕಣ್ಣುಗಳು ಆಗಾಗ ವೇಗವಾಗಿ ಹೊರಳಾಡುವ ಒಂದು ಹಂತವಿದೆ ಎಂದು ಪ್ರಕಟಿಸಿದ್ದು ಇದೇ ವಿಧಾನದಿಂದ. ಇಡೀ ಮನೆ ಮಲಗಿರುವಾಗ ಒಂದು ಲೇಖನಿ ಕಾಗದದ ಮೇಲೆ ಹಾಗೆ ಕುಣಿಯುವುದನ್ನು ಮೊದಲ ಸಲ ನೋಡಿದವರಿಗೆ ಏನನ್ನಿಸಿತೋ ಎಂದು ನಾನು ಎಷ್ಟೋ ಸಲ ಯೋಚಿಸಿದ್ದೇನೆ. ಆದರೆ ಕ್ಯಾಮೆರಾ ಗೆಲ್ಲುವ ಜಾಗಗಳೂ ಇವೆ. ತಲೆಸುತ್ತಿನ ರೋಗಿಗಳಲ್ಲಿ ಕಣ್ಣು ತನ್ನ ಅಕ್ಷದ ಸುತ್ತ ಗಡಿಯಾರದ ಮುಳ್ಳಿನಂತೆ ತಿರುಚಿಕೊಳ್ಳುವುದುಂಟು. ಆಗ ಬ್ಯಾಟರಿಯ ತುದಿಗಳು ಇದ್ದಲ್ಲೇ ಇರುವುದರಿಂದ ಇಲೆಕ್ಟ್ರೋಡಿಗೆ ಏನೂ ತಿಳಿಯುವುದಿಲ್ಲ.

ಪ್ರಶ್ನೆ: ನಮ್ಮ ತಾಯಿ ಸಂಧಿವಾತಕ್ಕೆ ಹೈಡ್ರಾಕ್ಸಿಕ್ಲೋರೋಕ್ವಿನ್ ಮಾತ್ರೆ ತೆಗೆದುಕೊಳ್ಳುತ್ತಾರೆ. ವರ್ಷಕ್ಕೊಮ್ಮೆ ಇಒಜಿ ಮಾಡಿಸಬೇಕೇ?

ಉತ್ತರ: ಬೇಡ. ಆ ಮಾತ್ರೆ ರೆಟಿನಾಕ್ಕೆ ಹಾನಿ ಮಾಡುತ್ತಿದೆಯೇ ಎಂಬ ನಿಗಾಕ್ಕೆ ಈಗ ನೆಚ್ಚಿಕೊಳ್ಳುವುದು ಒಸಿಟಿ ಸ್ಕ್ಯಾನ್ (ರೆಟಿನಾದ ಪದರಗಳನ್ನು ಬೆಳಕಿನಿಂದ ಚಿತ್ರಿಸುವ ಪರೀಕ್ಷೆ) ಮತ್ತು ದೃಷ್ಟಿಕ್ಷೇತ್ರದ ಪರೀಕ್ಷೆಯನ್ನು. ಅನುಮಾನ ಉಳಿದರೆ ರೆಟಿನಾವನ್ನು ತುಂಡುತುಂಡಾಗಿ ಅಳೆಯುವ ಮಲ್ಟಿಫೋಕಲ್ ಇಆರ್‌ಜಿ ಇದೆ. ಮಾತ್ರೆಯನ್ನು ನೀವಾಗಿ ನಿಲ್ಲಿಸಬೇಡಿ.

ಮೊದಲ ಪ್ರಶ್ನೆ ಕೇಳಿದವರು: ಮೇಡಂ, ನಮ್ಮಿಬ್ಬರದೂ ಆಯಿತು. ತಂಗಿಯ ಅನುಪಾತ ಎರಡೂ ಕಣ್ಣುಗಳಲ್ಲಿ 1.1. ಇಆರ್‌ಜಿ ಸಂಪೂರ್ಣ ಸರಿಯಿದೆ ಎಂದು ಬರೆದಿದ್ದಾರೆ. ಒಂದು ಪರೀಕ್ಷೆ ರೆಟಿನಾ ಚೆನ್ನಾಗಿದೆ ಎನ್ನುತ್ತದೆ, ಇನ್ನೊಂದು ಕೆಟ್ಟಿದೆ ಎನ್ನುತ್ತದೆ. ಯಾವುದನ್ನು ನಂಬುವುದು? ನನ್ನದು ಒಂದು ಕಣ್ಣಿನಲ್ಲಿ 1.7, ಇನ್ನೊಂದರಲ್ಲಿ 2.1. ಅನುಪಾತ 1.8ಕ್ಕಿಂತ ಕಡಿಮೆ ಇದ್ದರೆ ರೋಗ ಎಂದು ಒಬ್ಬರು ಹೇಳಿದರು. ನಿನ್ನೆ ರಾತ್ರಿ ನಿದ್ದೆ ಬರಲಿಲ್ಲ.

ಉತ್ತರ: ಎರಡನ್ನೂ ನಂಬಿ. ಅವು ಜಗಳವಾಡುತ್ತಿಲ್ಲ, ಬೇರೆ ಬೇರೆ ಪದರಗಳ ಬಗ್ಗೆ ಮಾತನಾಡುತ್ತಿವೆ.

ಇಆರ್‌ಜಿಯಲ್ಲಿ ಕಣ್ಣಿಗೆ ಬೆಳಕು ಮಿಂಚಿಸಿ, ಆ ಕ್ಷಣದಲ್ಲಿ ರೆಟಿನಾ ಕೊಡುವ ಉತ್ತರವನ್ನು ದಾಖಲಿಸುತ್ತಾರೆ. ಗೆರೆ ಮೊದಲು ಕೆಳಗಿಳಿಯುತ್ತದೆ, ಅದು ಬೆಳಕು ಹಿಡಿಯುವ ದಂಡಕೋಶ, ಶಂಕುಕೋಶಗಳ ಉತ್ತರ. ಒಡನೆಯೇ ದೊಡ್ಡದಾಗಿ ಮೇಲೇರುತ್ತದೆ, ಅದು ಅವುಗಳಿಂದ ಸುದ್ದಿ ಪಡೆದ ಮುಂದಿನ ಕೋಶಗಳದ್ದು. ಎಲ್ಲವೂ ಸೆಕೆಂಡಿನ ಪುಟ್ಟ ಭಾಗದಲ್ಲಿ ಮುಗಿಯುತ್ತದೆ. ಕತ್ತಲೆಗೆ ಒಗ್ಗಿದ ಕಣ್ಣಿಗೆ ಮಂದ ಮಿಂಚು ಕೊಟ್ಟರೆ ದಂಡಕೋಶಗಳ ಸ್ಥಿತಿ, ಸೆಕೆಂಡಿಗೆ 30 ಸಲ ಮಿಣುಕಿಸಿದರೆ ಶಂಕುಕೋಶಗಳ ಸ್ಥಿತಿ ಬೇರೆಯಾಗಿ ತಿಳಿಯುತ್ತದೆ, ಏಕೆಂದರೆ ಅಷ್ಟು ವೇಗಕ್ಕೆ ದಂಡಕೋಶಗಳು ಹೆಜ್ಜೆ ಹಾಕಲಾರವು. ಇರುಳುಗುರುಡಿನಿಂದ ಆರಂಭವಾಗುವ ರೆಟಿನೈಟಿಸ್ ಪಿಗ್ಮೆಂಟೋಸಾ ಸಿಕ್ಕಿಬೀಳುವುದು ಇಲ್ಲಿ.

ಇಒಜಿಯ ಏರಿಕೆ ನಿಮಿಷಗಳ ಲೆಕ್ಕದ್ದು. ಬೆಳಕು ಕಂಡ ಕೋಶಗಳು ತಮ್ಮ ಹಿಂದಿನ ವರ್ಣಪದರಕ್ಕೆ ಸುದ್ದಿ ಕಳಿಸುತ್ತವೆ, ಆ ಪದರದ ಹಿಂಬದಿಯಲ್ಲಿರುವ ಕ್ಲೋರೈಡ್ ದಾರಿಗಳು ತೆರೆಯುತ್ತವೆ, ಬ್ಯಾಟರಿ ಏರುತ್ತದೆ. ಬೆಳಕು ಹಿಡಿಯುವ ಕೋಶಗಳೇ ಸತ್ತಿದ್ದರೆ ಸುದ್ದಿ ಹೋಗುವುದಿಲ್ಲ, ಆಗ ಇಒಜಿ, ಇಆರ್‌ಜಿ ಎರಡೂ ಕುಗ್ಗುತ್ತವೆ. ನಿಮ್ಮ ತಂಗಿಯಲ್ಲಿ ಸುದ್ದಿ ಹೋಗುತ್ತಿದೆ, ಬಾಗಿಲು ತೆರೆಯುತ್ತಿಲ್ಲ. ಮೊಟ್ಟೆಯ ಹಳದಿಯಂತಹ ಮಚ್ಚೆಯ ಜೊತೆಗೆ ಈ ಜೋಡಿ ಫಲಿತಾಂಶ ಬಂದರೆ ವೈದ್ಯರು ಬೆಸ್ಟ್ ಕಾಯಿಲೆಯನ್ನು ಯೋಚಿಸುತ್ತಾರೆ. 1905ರಲ್ಲಿ ಇದನ್ನು ವಿವರಿಸಿದ ಫ್ರೀಡ್ರಿಕ್ ಬೆಸ್ಟ್ ಅವರ ಹೆಸರು ಅದು. ಇದರ ಹಿಂದಿರುವ ಬೆಸ್ಟ್1 ಎಂಬ ಜೀನ್ ಪತ್ತೆಯಾದದ್ದು 1998ರಲ್ಲಿ. ಸಾಮಾನ್ಯ ರೂಪದಲ್ಲಿ ಕೆಟ್ಟ ಜೀನ್ ತಂದೆತಾಯಿಯರಲ್ಲಿ ಒಬ್ಬರಿಂದ ಬಂದರೂ ಸಾಕು, ಪ್ರತಿ ಮಗುವಿಗೂ ಅರ್ಧದಷ್ಟು ಸಾಧ್ಯತೆ. ರೆಟಿನಾ ನೋಡಲು ಚೆನ್ನಾಗಿಯೇ ಇದ್ದು, ದೃಷ್ಟಿಯೂ ಸರಿಯಿದ್ದು, ಆ ಕೆಟ್ಟ ಜೀನ್ ಇರುವವರ ಇಒಜಿ ಮಾತ್ರ ಕುಗ್ಗಿರುವುದುಂಟು. ನಿಮಗೂ ಮಾಡಿಸಿ ಎಂದದ್ದು ಅದಕ್ಕೇ.

ಈಗ ನಿಮ್ಮ 1.7. ದಯವಿಟ್ಟು ಆ ಒಂದು ಅಂಕಿಯನ್ನು ಹಿಡಿದು ರಾತ್ರಿ ಕಳೆಯಬೇಡಿ. ಬೆಸ್ಟ್ ಕಾಯಿಲೆಯಲ್ಲಿ ಎರಡೂ ಕಣ್ಣುಗಳು ಒಟ್ಟಿಗೆ, ಬಹುತೇಕ ಏರಿಕೆಯೇ ಇಲ್ಲದಷ್ಟು ಕುಗ್ಗುತ್ತವೆ. ನಿಮ್ಮ ಒಂದು ಕಣ್ಣು 2.1 ಇದೆ. ಗಡಿರೇಖೆ ಎಂಬುದು ಪ್ರತಿ ಪ್ರಯೋಗಾಲಯವೂ ತನ್ನ ಬೆಳಕು, ತನ್ನ ಉಪಕರಣಕ್ಕೆ ತಕ್ಕಂತೆ ಆರೋಗ್ಯವಂತರ ಮೇಲೆ ಅಳೆದು ಇಟ್ಟುಕೊಳ್ಳಬೇಕಾದ ಸಂಖ್ಯೆ. ಒಂದು ಕಡೆಯ 1.8ನ್ನು ಇನ್ನೊಂದು ಕಡೆಗೆ ಹೊತ್ತೊಯ್ಯುವುದು ತಪ್ಪು.

ಮೊದಲು ಹೇಳಿದ್ದನ್ನು ನೆನಪಿಸಿಕೊಳ್ಳಿ. ಕಣ್ಣು ಪ್ರತಿ ಸಲವೂ ಅಷ್ಟೇ ತಿರುಗಿತು ಎಂದು ನಾವು ಹಿಡಿದುಕೊಂಡಿದ್ದೇವೆ. ಅದು ನಿಜವಾಗಿರದಿದ್ದರೆ? ಹಿಂದೊಮ್ಮೆ ಒಬ್ಬ ಹಿರಿಯರ ಅನುಪಾತ 1.2 ಎಂದು ನಾನೇ ಬರೆದು ಸಹಿ ಹಾಕುವುದರಲ್ಲಿದ್ದೆ. ಯಾಕೋ ಮನಸ್ಸು ಒಪ್ಪದೆ ಮೂಲ ಗೆರೆಗಳನ್ನು ಒಂದೊಂದಾಗಿ ತೆರೆದು ನೋಡಿದೆ. ಬೆಳಕಿನ ಹಂತದಲ್ಲಿ ಅವರು ದಣಿದು, ದೀಪದವರೆಗೆ ಹೋಗದೆ ಅರ್ಧದಲ್ಲೇ ಕಣ್ಣು ಹಿಂದಿರುಗಿಸುತ್ತಿದ್ದರು. ಮೆಟ್ಟಿಲುಗಳು ಗಿಡ್ಡವೂ ಅಂಕುಡೊಂಕೂ ಆಗಿದ್ದವು. ಇನ್ನೊಂದು ದಿನ, ನಡುನಡುವೆ ಮಾತನಾಡಿಸುತ್ತಾ ಮಾಡಿದಾಗ ಅನುಪಾತ 2ನ್ನು ದಾಟಿತು. ಅಂದಿನಿಂದ ಮೂಲ ಗೆರೆ ನೋಡದೆ ನಾನು ಅಂಕಿ ಬರೆದಿಲ್ಲ.

ನಿಮ್ಮ ವೈದ್ಯರನ್ನು ಹೀಗೆ ಕೇಳಿ: 1.7 ಬಂದ ಕಣ್ಣಿನ ಮೂಲ ಗೆರೆಗಳು ಸಮವಾಗಿದ್ದವೇ? ಆ ಕಣ್ಣಿನ ಇಲೆಕ್ಟ್ರೋಡ್ ಸಡಿಲವಾಗಿತ್ತೇ? ಅನುಮಾನವಿದ್ದರೆ ಇನ್ನೊಮ್ಮೆ ಮಾಡುತ್ತಾರೆ.

ತಂಗಿಯ ವಿಷಯ. ಜೀನನ್ನು ಸರಿಪಡಿಸುವ ಚಿಕಿತ್ಸೆ ರೂಢಿಯಲ್ಲಿಲ್ಲ, ಸುಳ್ಳು ಭರವಸೆ ಕೊಡಲಾರೆ. ಆದರೆ ಇದು ಸಾಮಾನ್ಯವಾಗಿ ನಿಧಾನದ ಕಾಯಿಲೆ, ಹಲವರಿಗೆ ಕನಿಷ್ಠ ಒಂದು ಕಣ್ಣಿನಲ್ಲಿ ಓದುವಷ್ಟು ದೃಷ್ಟಿ ಬಹಳ ವರ್ಷ ಉಳಿಯುತ್ತದೆ. ಕಾಯಬೇಕಾದದ್ದು ಒಂದಕ್ಕೆ: ರೆಟಿನಾದ ಕೆಳಗೆ ಹೊಸ ರಕ್ತನಾಳಗಳು ಬೆಳೆದು ಸೋರುವುದು. ಅದಕ್ಕೆ ಇಂಜೆಕ್ಷನ್ ಚಿಕಿತ್ಸೆ ಇದೆ, ಬೇಗ ಕೊಟ್ಟಷ್ಟೂ ಲಾಭ. ದಿನಕ್ಕೊಮ್ಮೆ ಒಂದೊಂದೇ ಕಣ್ಣು ಮುಚ್ಚಿ ಚೌಕುಳಿ ಗೆರೆಗಳ ಕಾಗದವನ್ನು ನೋಡಲಿ. ನೇರ ಗೆರೆ ಹೊಸದಾಗಿ ಸೊಟ್ಟಗೆ ಕಂಡರೆ ಅಥವಾ ದೃಷ್ಟಿ ಥಟ್ಟನೆ ಕುಸಿದರೆ ಮರುದಿನಕ್ಕೆ ಬಿಡದೆ ತೋರಿಸಲಿ.

ಪ್ರಶ್ನೆ: ಮಧ್ಯೆ ಬಂದದ್ದಕ್ಕೆ ಕ್ಷಮಿಸಿ. ತಂದೆಯ ಕಣ್ಣಿನ ಪೊರೆ ತುಂಬ ದಟ್ಟವಾಗಿದೆ. ಹಿಂದಿನ ರೆಟಿನಾ ಕಾಣಿಸುತ್ತಿಲ್ಲ ಎನ್ನುತ್ತಾರೆ. ಇಆರ್‌ಜಿಯಿಂದ ಉಪಯೋಗವಿದೆಯೇ?

ಉತ್ತರ: ಇದೆ. ಪೊರೆಯನ್ನು ದಾಟಿಯೂ ಸಾಕಷ್ಟು ಬೆಳಕು ಒಳಗೆ ಹೋಗುತ್ತದೆ, ರೆಟಿನಾ ಒಟ್ಟಾರೆ ಜೀವಂತವಾಗಿದೆಯೇ ಎಂದು ತಿಳಿಯುತ್ತದೆ. ಆದರೆ ಇಡೀ ರೆಟಿನಾದ ಉತ್ತರದಲ್ಲಿ ನಡುವಿನ ಮ್ಯಾಕ್ಯುಲಾದ ಪಾಲು ಬಹಳ ಚಿಕ್ಕದು, ಕಣ್ಣಿನ ನರದ ಬಗ್ಗೆ ಅದು ಏನನ್ನೂ ಹೇಳುವುದಿಲ್ಲ. ಇಆರ್‌ಜಿ ಚೆನ್ನಾಗಿದೆ ಎಂದರೆ ಶಸ್ತ್ರಚಿಕಿತ್ಸೆಯ ನಂತರ ಓದುವುದು ಖಚಿತ ಎಂದು ತಿಳಿಯಬೇಡಿ.

ಮೊದಲ ಪ್ರಶ್ನೆ ಕೇಳಿದವರು: ಮೇಡಂ, ಮನಸ್ಸು ಹಗುರವಾಯಿತು. ಒಂದೇ ಒಂದು ಉಳಿದಿದೆ. ತಂಗಿಗೆ 6 ವರ್ಷದ ಮಗಳಿದ್ದಾಳೆ. ಅವಳಿಗೂ ಇಒಜಿ ಮಾಡಿಸಬೇಕೇ?

ಉತ್ತರ: ಆ ವಯಸ್ಸಿನ ಮಗು ಕತ್ತಲೆ, ಬೆಳಕು ಎರಡೂ ಸೇರಿ ಅರ್ಧ ಗಂಟೆ ದೀಪಗಳನ್ನು ತಪ್ಪದೆ ಹಿಂಬಾಲಿಸುವುದು ಕಷ್ಟ, ಬರುವ ಅಂಕಿಯನ್ನು ನಾನೇ ನಂಬಲಾರೆ. ಮೊದಲು ತಂಗಿಯ ರಕ್ತದಿಂದ ಜೀನ್ ಪರೀಕ್ಷೆ ಆಗಲಿ. ಅವಳಲ್ಲಿ ಯಾವ ಬದಲಾವಣೆ ಇದೆ ಎಂದು ಗೊತ್ತಾದರೆ ಅದೊಂದನ್ನೇ ನಿಮ್ಮಲ್ಲೂ ಹುಡುಕಬಹುದು, ನಿಮ್ಮ 1.7ರ ಗೊಂದಲವೂ ಅಲ್ಲಿಗೆ ತೀರುತ್ತದೆ. ಮಗುವಿನ ಜೀನ್ ಪರೀಕ್ಷೆ ಬೇಕೇ, ಯಾವಾಗ ಬೇಕು ಎಂಬುದನ್ನು ಆನುವಂಶಿಕ ಸಲಹೆಗಾರರ ಎದುರು ಅವಳ ತಂದೆತಾಯಿ ಕುಳಿತು ನಿರ್ಧರಿಸಲಿ. ಸದ್ಯಕ್ಕೆ ಮಕ್ಕಳ ಕಣ್ಣಿನ ವೈದ್ಯರಿಂದ ದೃಷ್ಟಿ ಪರೀಕ್ಷೆ ಮತ್ತು ಒಂದು ಒಸಿಟಿ ಸ್ಕ್ಯಾನ್ ಸಾಕು. ಕೆಲವೇ ನಿಮಿಷಗಳ ಕೆಲಸ, ಕತ್ತಲೆಯೂ ಬೇಡ.