ಕಾಲಗೊಜ್ಜು ಹುಳಿ ಬರುತ್ತಿಲ್ಲ, ಹೊತ್ತು ಮಾತ್ರ ಉಬ್ಬುತ್ತಿದೆ. ಏನು ಮಾಡೋದು?

ತ್ಯಾಗರಾಜನಗರದ ಹುಳಿಪ್ರಿಯೆ:

ಎಲ್ಲರಿಗೂ ನಮಸ್ಕಾರ. ಕಡಲೆಕಾಯಿ ಪರಿಷೆ ಮುಗಿದ ವಾರ ಒಂದು ಜಾಡಿ ಕಾಲಗೊಜ್ಜು ಹಾಕಿದ್ದೇನೆ. ನಮ್ಮತ್ತೆಯ ಕ್ರಮವೇ. ಹಸಿಮೆಣಸಿನಕಾಯಿ, ಮಾವಿನಶುಂಠಿ, ಚೂರು ಬೆಲ್ಲ, ಕಲ್ಲುಪ್ಪು ಎಲ್ಲ ರುಬ್ಬಿ, ಪಿಂಗಾಣಿ ಜಾಡಿಗೆ ತುಂಬಿ ಬಾಯಿಗೆ ಬಟ್ಟೆ ಕಟ್ಟಿದ್ದು. ಅತ್ತೆ ಮಾಡಿದ್ದನ್ನು ಮೊಸರನ್ನಕ್ಕೆ ನೆಂಚಿಕೊಂಡು ಬಸ್ ಹತ್ತಿದರೆ, ಕಂಡಕ್ಟರ್ ಚಿಲ್ಲರೆ ಕೊಡುವಷ್ಟರಲ್ಲಿ ಮೆಜೆಸ್ಟಿಕ್ ಬಂದಿರುತ್ತಿತ್ತು. ನಂದು ಉಲ್ಟಾ ಹೊಡೆಯುತ್ತಿದೆ.

ಮೊನ್ನೆ ಅಕ್ಕಿರೊಟ್ಟಿ ಜೊತೆ ಸ್ವಲ್ಪ ತಿಂದು ಆಫೀಸಲ್ಲಿ ಮೀಟಿಂಗ್‌ಗೆ ಕೂತೆ. ಮ್ಯಾನೇಜರ್ "ಸೋ..." ಅಂತ ಶುರು ಮಾಡಿದರು. ಆ "ಸೋ" ಮುಗಿಯುವಷ್ಟರಲ್ಲಿ ನಾನು ಗೋಡೆ ಕ್ಯಾಲೆಂಡರ್‌ನ ಅಷ್ಟೂ ಹಬ್ಬ ಓದಿ, ಎದುರಿಗೆ ಕೂತವರ ಶರ್ಟಿನ ಚೌಕ ಎಣಿಸಿ, ಮನೆಯಲ್ಲಿ ತೊಗರಿಬೇಳೆ ಇದೆಯಾ ಇಲ್ಲವಾ ಅಂತ ಡಬ್ಬಿ ಡಬ್ಬಿಯಾಗಿ ನೆನಪಿಸಿಕೊಂಡು ಮುಗಿಸಿದ್ದೆ. ಗಡಿಯಾರದ ಸೆಕೆಂಡ್ ಮುಳ್ಳು ನಿಂತಲ್ಲೇ ನಿಂತಿತ್ತು.

ಜಾಡಿಯಲ್ಲಿ ಗುಳ್ಳೆ ಚೆನ್ನಾಗಿ ಬರುತ್ತಿದೆ, ಹುಳಿ ಇಲ್ಲ. ಮೇಲೆ ತೆಳ್ಳಗೆ ಬಿಳಿ ಪೊರೆ ಕಟ್ಟಿದೆ. ಎಸೆಯಬೇಕಾ? ಇನ್ನೊಂದು ವಿಷಯ, ಮಗ ಈ ಸಲ ಎಸ್ಸೆಸ್ಸೆಲ್ಸಿ. ಹೊತ್ತು ಉಬ್ಬಿಸುವ ಗೊಜ್ಜೇ ಆಗಿದ್ದರೆ ಪರೀಕ್ಷೆ ದಿನ ಅವನಿಗೆ ಕೊಡಬಹುದಾ?

ಮಲ್ಲೇಶ್ವರದ ಜಾಡಿ ಅಜ್ಜಿ:

ಎಸೆಯಬೇಡ ಕಣಮ್ಮ. ಅದು ಇನ್ನೂ ಎಳಸು, ಅಷ್ಟೇ. ಗುಳ್ಳೆ ಏಳುವಾಗ ತಿಂದರೆ ಹೊತ್ತೂ ಉಬ್ಬುತ್ತೆ. ಗುಳ್ಳೆ ಇಳಿದು ಹುಳಿ ಕೂತ ಮೇಲೆ ತಿಂದರೆ ಕುಗ್ಗುತ್ತೆ. ನಿಮ್ಮತ್ತೆ ಬೇಸಿಗೆಯಲ್ಲಿ ಹಾಕುತ್ತಿದ್ದರು ಅನ್ನಿಸುತ್ತೆ, ಅದಕ್ಕೇ ಬೇಗ ಹುಳಿ ಬರುತ್ತಿತ್ತು. ಈ ಚಳಿಯಲ್ಲಿ ಇಡ್ಲಿ ಹಿಟ್ಟೇ ಬೆಳಿಗ್ಗೆಗೆ ಉಬ್ಬಿರಲ್ಲ, ಇನ್ನು ಗೊಜ್ಜಿನ ಪಾಡು ಕೇಳಬೇಕಾ? ಜಾಡಿಯನ್ನು ಒಲೆ ಪಕ್ಕ ಇಡು. ಒಲೆ ಮೇಲಲ್ಲ.

ಮತ್ತೆ, ಹುಳಿ ಬರುವ ಮೊದಲು ಜಾಡಿಗೆ ಬಿಸಿ ಒಗ್ಗರಣೆ ಸುರಿಯಬೇಡ. ಸುರಿದರೆ ಗೊಜ್ಜು ಎಲ್ಲಿತ್ತೋ ಅಲ್ಲೇ ನಿಂತುಬಿಡುತ್ತೆ. ನಮ್ಮ ಓರಗಿತ್ತಿ ಒಬ್ಬಳು ಹಾಗೆ ಮಾಡಿ, ಆ ಜಾಡಿ ಮುಗಿಯುವ ತನಕ ಅವರ ಮನೆಯವರೆಲ್ಲ ಒಂದೊಂದು ಸಂಜೆಯನ್ನೂ ಯುಗ ಯುಗ ಅಂತ ಕಳೆದರು. ಟಿವಿ ಧಾರಾವಾಹಿ ಬೇರೆ ನೋಡುತ್ತಿದ್ದರು, ಪಾಪ.

ಲ್ಯಾಬ್ ಕೋಟು:

ಅಜ್ಜಿ ಹೇಳಿದ್ದು ಸರಿ. ಮೊದಲು ಕೆಲಸಕ್ಕೆ ಇಳಿಯೋದು ಲ್ಯೂಕೊನೊಸ್ಟಾಕ್ ಜಾತಿಯ ಬ್ಯಾಕ್ಟೀರಿಯಾ. ಇಡ್ಲಿ ಹಿಟ್ಟು ಉಬ್ಬಿಸೋದೂ ಅದೇ. ಅದು ಇಂಗಾಲದ ಡೈಆಕ್ಸೈಡ್ ಬಿಡುತ್ತೆ, ನಿಮಗೆ ಕಾಣುತ್ತಿರುವ ಗುಳ್ಳೆ ಅದು. ಹುಳಿ ಜಾಸ್ತಿ ಆದಂತೆ ಅದು ಹಿಂದೆ ಸರಿದು ಲ್ಯಾಕ್ಟೊಬ್ಯಾಸಿಲಸ್ ಗುಂಪು ಜಾಗ ಹಿಡಿಯುತ್ತೆ. ನಿಮ್ಮದು ಮೊದಲ ಹಂತದಲ್ಲೇ ಇದೆ. ಡಿಸೆಂಬರ್‌ನಲ್ಲಿ ಬೆಂಗಳೂರಿನ ರಾತ್ರಿ 15-16 ಡಿಗ್ರಿಗೆ ಇಳಿಯುತ್ತೆ, ಅಷ್ಟು ತಣ್ಣಗಿದ್ದರೆ ಎಲ್ಲವೂ ನಿಧಾನ.

ಉಪ್ಪು ಎಷ್ಟು ಹಾಕಿದ್ದೀರಿ? ಕೈಅಳತೆ ಬಿಡಿ, ತೂಕ ಮಾಡಿ. ಒಂದು ಕೆಜಿ ರುಬ್ಬಿದ್ದಕ್ಕೆ 25ರಿಂದ 30 ಗ್ರಾಂ ಸಾಕು. ಮಾವಿನಮಿಡಿಗೆ ಸುರಿಯುವಷ್ಟು ಸುರಿದರೆ ಕೆಡೋದಿಲ್ಲ ನಿಜ, ಆದರೆ ಹುಳಿಯೂ ಬರೋದಿಲ್ಲ, ಹೊತ್ತು ಆ ಕಡೆಗೂ ಇಲ್ಲ ಈ ಕಡೆಗೂ ಇಲ್ಲ.

ಬಿಳಿ ಪೊರೆ ಚಪ್ಪಟೆಯಾಗಿ, ಸುಕ್ಕು ಸುಕ್ಕಾಗಿ ಇದ್ದರೆ ಅದು ಯೀಸ್ಟ್. ಒಣ ಚಮಚದಲ್ಲಿ ತೆಗೆದುಹಾಕಿ. ಹತ್ತಿ ಹತ್ತಿಯಾಗಿ ಎದ್ದಿದ್ದರೆ, ಅಥವಾ ಹಸಿರು, ಕಪ್ಪು, ಗುಲಾಬಿ ಬಣ್ಣ ಕಂಡರೆ ಅದು ಬೂಷ್ಟು, ಇಡೀ ಜಾಡಿ ಖಾಲಿ ಮಾಡಿ. ಬಟ್ಟೆ ಕಟ್ಟಿದ್ದರಿಂದ ಗಾಳಿ ಆಡಿ ಪೊರೆ ಬಂದಿರಬೇಕು. ಮುಚ್ಚಳ ಹಾಕಿ, ದಿನಕ್ಕೊಮ್ಮೆ ಸಡಿಲ ಮಾಡಿ ಗಾಳಿ ಬಿಡಿ. ಹುಳಿ ಎಷ್ಟಿದೆ ಅಂತ ತೋರಿಸುವ ಪಿಎಚ್ ಪಟ್ಟಿ ಸಿಕ್ಕರೆ ನೋಡಿಕೊಳ್ಳಿ, ಹುಳಿ ಏರಿದಷ್ಟೂ ಅಂಕಿ ಇಳಿಯುತ್ತೆ, 4.6ಕ್ಕಿಂತ ಕೆಳಗೆ ಇಳಿಯುವ ತನಕ ಬಾಯಿಗೆ ಹಾಕಬೇಡಿ. ಹೊತ್ತಿನ ವಿಷಯ ಆಮೇಲೆ, ಮೊದಲು ಹೊಟ್ಟೆ.

ನಂಬದವ:

ಸುಮ್ನೆ ಕೇಳುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ. ಗೊಜ್ಜು ತಿನ್ನದೇ ಮೀಟಿಂಗ್‌ಗೆ ಕೂತರೂ ಹೀಗೇ ಆಗುತ್ತಲ್ವಾ?

ಸಿಲ್ಕ್‌ಬೋರ್ಡ್ ಸಂತ್ರಸ್ತ:

ಗುರು, ನೀನು ಹುಳಿ ಬಂದ ಗೊಜ್ಜು ತಿಂದಿಲ್ಲ, ಅದಕ್ಕೇ ಹೀಗೆ ಮಾತಾಡುತ್ತಿದ್ದೀಯ. 2025ರ ಆಗಸ್ಟ್‌ನಲ್ಲಿ ಹಳದಿ ಮೆಟ್ರೋ ಶುರುವಾದಾಗ 25 ನಿಮಿಷಕ್ಕೊಂದು ರೈಲು ಇತ್ತಲ್ಲ, ಆಗ ಆರ್.ವಿ. ರೋಡ್ ಪ್ಲಾಟ್‌ಫಾರಂನಲ್ಲಿ ಎಲ್ಲರೂ ಬೋರ್ಡ್ ನೋಡಿ ನೋಡಿ ಸುಸ್ತಾಗಿ ನಿಂತಿರುತ್ತಿದ್ದರು. ನಾನು ಡಬ್ಬಿ ತೆಗೆದು ಒಂದು ಬೆರಳು ನೆಕ್ಕಿ ತಲೆ ಎತ್ತಿದರೆ ಬಾಗಿಲು ತೆರೆದಿರುತ್ತಿತ್ತು. ಇನ್ನೊಂದು ಬೆರಳು ನೆಕ್ಕಿದರೆ ಬೊಮ್ಮಸಂದ್ರ. ತೊಂದರೆ ಅಂದರೆ ನಾನು ಇಳಿಯಬೇಕಾದ್ದು ಎಲೆಕ್ಟ್ರಾನಿಕ್ ಸಿಟಿಯಲ್ಲಿ.

ಗಾಡಿ ಓಡಿಸುವವರು ಮಾತ್ರ ದಯವಿಟ್ಟು ಮುಟ್ಟಬೇಡಿ. ಹೊತ್ತು ಕುಗ್ಗಿದರೆ ಬ್ರೇಕ್ ಹಿಡಿಯೋ ಹೊತ್ತೂ ಕುಗ್ಗುತ್ತೆ.

ತ್ಯಾಗರಾಜನಗರದ ಹುಳಿಪ್ರಿಯೆ:

ಪೊರೆ ಚಪ್ಪಟೆಯಾಗೇ ಇದೆ, ತೆಗೆದುಹಾಕಿದೆ. ಜಾಡಿ ಈಗ ಮುಚ್ಚಳ ಹಾಕಿಕೊಂಡು ಒಲೆ ಪಕ್ಕ ಕೂತಿದೆ. ನಂಬದವ ಸರ್, ನೀವು ನಮ್ಮ ಮ್ಯಾನೇಜರ್‌ನ ನೋಡಿಲ್ಲ, ಅವರು ಮಾಮೂಲಿ ದಿನ ತುಂಬಾ ಚುರುಕು. ಅಜ್ಜಿ, ಮಗನ ಪರೀಕ್ಷೆ ವಿಷಯ ನೀವು ಹೇಳಲೇ ಇಲ್ಲ.

ಮಲ್ಲೇಶ್ವರದ ಜಾಡಿ ಅಜ್ಜಿ:

ಕೊಡಬೇಡ. ಹೊತ್ತು ಉಬ್ಬೋದು ತಲೆಗೆ, ಕೈಗಲ್ಲ. ಪೆನ್ನು ಗಡಿಯಾರದ ಲೆಕ್ಕದಲ್ಲೇ ಓಡುತ್ತೆ. ನನ್ನ ತಮ್ಮನ ಮಗ ಪಿಯುಸಿಯಲ್ಲಿ ತಿಂದು ಹೋಗಿದ್ದ. ಎಲ್ಲ ಉತ್ತರವೂ ತಲೆಯಲ್ಲಿ ಬಂದು ಕೂತಿದೆ, ಕೈ ಇನ್ನೂ ರಿಜಿಸ್ಟರ್ ನಂಬರಿನ ಮೂರನೇ ಅಂಕಿ ಬರೆಯುತ್ತಿದೆ. ಬೇಜಾರಾಗಿ ಅರ್ಧಕ್ಕೇ ಎದ್ದು ಬಂದ. ಮಗುವಿಗೆ ಮೊಸರನ್ನ ಕೊಟ್ಟು ಕಳಿಸು, ಸಾಕು.

ಮುಂದಿನ ಸಲ ಹೊಸ ಜಾಡಿ ಹಾಕುವಾಗ ಹಳೇ ಗೊಜ್ಜು ಒಂದು ಚಮಚ ಹೆಪ್ಪಿನ ಹಾಗೆ ಕಲಸು, ಬೇಗ ಹುಳಿ ಹಿಡಿಯುತ್ತೆ. ನನ್ನ ಹತ್ತಿರ ಇದೆ, ಬಂದು ತಗೊಂಡು ಹೋಗು. ಬಾಟಲಿ ನೀನೇ ತಾ, ಒದ್ದೆ ಇರಬಾರದು. ನಾಲ್ಕು ಗಂಟೆ ಮೇಲೆ ಬಾ. ಮಧ್ಯಾಹ್ನ ಊಟಕ್ಕೆ ನಾನೂ ಗೊಜ್ಜು ನೆಂಚಿಕೊಂಡಿರುತ್ತೇನೆ, ನೀನು ಬೆಲ್ ಒತ್ತಿದ್ದು ಒಳಗೆ ಬಂದು ಮುಟ್ಟುವಷ್ಟರಲ್ಲಿ ಸಂಜೆ ಆಗಿಬಿಡುತ್ತೆ.

ಸಿಲ್ಕ್‌ಬೋರ್ಡ್ ಸಂತ್ರಸ್ತ:

ಅಜ್ಜಿ, ನನಗೂ ಒಂದು ಚಮಚ. ಬಾಟಲಿ ಒಣಗಿಸಿ ಇಟ್ಟಿದ್ದೇನೆ.